ಕಿವಿಯ ಹಿಂದಿನ ಪೆಟ್ಟು

ಬೆಳಗ್ಗೆ ಹನ್ನೊಂದು ಗಂಟೆ ಇಪ್ಪತ್ತು ನಿಮಿಷ. ಕೊಲೆ ಮೊಕದ್ದಮೆಯ ಒಬ್ಬಳೇ ಪ್ರತ್ಯಕ್ಷ ಸಾಕ್ಷಿ ಸುಳ್ಳು ಹೇಳುತ್ತಿದ್ದಾಳೆ ಎಂದು ಆರೋಪಿ ಪರ ವಕೀಲರು ನ್ಯಾಯಾಲಯಕ್ಕೆ ತಿಳಿಸಿದರು.

ಸಾಕ್ಷಿ ಸತ್ತವನ ಅಕ್ಕ. ತಮ್ಮ ಲೇತ್ ಕೆಲಸಗಾರ. ಮಧ್ಯಾಹ್ನ ಊಟದ ಡಬ್ಬಿ ಕೊಡಲು ಹೋದಾಗ, ವರ್ಕ್‌ಶಾಪಿನ ಪಾಲುದಾರನಾದ ಆರೋಪಿ ಹಿಂದಿನಿಂದ ಬಂದು ಸ್ಪ್ಯಾನರಿನಿಂದ ತಮ್ಮನ ಬಲಗಿವಿಯ ಹಿಂದೆ ಹೊಡೆದದ್ದನ್ನು ಬಾಗಿಲಿನಿಂದ ನೋಡಿದೆ ಎಂದು ಆಕೆ ಹೇಳಿದ್ದಳು. ಮರಣೋತ್ತರ ವರದಿಯ ಪ್ರಕಾರ ಇದ್ದದ್ದು ಒಂದೇ ಗಾಯ, ಅದೂ ಎಡಗಿವಿಯ ಹಿಂದೆ. ಪೊಲೀಸರು ಫೋಟೊ ತೆಗೆಯುವ ಮೊದಲೇ ಆಸ್ಪತ್ರೆಯಲ್ಲಿ ತಲೆಗೆ ಬ್ಯಾಂಡೇಜ್ ಸುತ್ತಿದ್ದರಿಂದ ಫೋಟೊಗಳಲ್ಲಿ ಏನೂ ಕಾಣುತ್ತಿರಲಿಲ್ಲ.

“ಎಡ ಯಾವುದು, ಬಲ ಯಾವುದು ಗೊತ್ತೇನಮ್ಮ?”

“ಗೊತ್ತು ಸರ್. ಅವನು ಬಲಗಿವಿ ಮೇಲೆ ಪೆನ್ಸಿಲ್ ಸಿಕ್ಕಿಸ್ಕೊಂಡಿರ್ತಿದ್ದ. ಮೊದಲು ಬಿದ್ದಿದ್ದು ಅದು. ಆಮೇಲೆ ಅವನು.”

“ಹಾಗಾದ್ರೆ ಡಾಕ್ಟ್ರು ಸುಳ್ಳು ಬರೆದ್ರಾ?”

“ಅದನ್ನ ಅವರನ್ನೇ ಕೇಳಿ. ನಾನು ಕಂಡಿದ್ದು ಹೇಳ್ದೆ.”

ಊಟದ ಬಿಡುವಿನಲ್ಲಿ ಸರ್ಕಾರಿ ವಕೀಲರು ಮೊಗಸಾಲೆಯಲ್ಲಿ ಕಾಯುತ್ತಿದ್ದ, ಮರಣೋತ್ತರ ಪರೀಕ್ಷೆ ಮಾಡಿದ ವೈದ್ಯರ ಬಳಿಗೆ ಬಂದರು.

“ಮೂರು ಗಂಟೆಗೆ ನಿಮ್ಮ ಸರದಿ. ಗಾಯ ಎಡಕ್ಕೇ ಇತ್ತಲ್ವಾ?”

“ವರದೀಲಿ ಎಡ ಅಂತಿದ್ರೆ ಎಡವೇ.”

“ಹಾಗಿದ್ರೆ ಕೇಸು ಬಿದ್ದುಹೋದ ಹಾಗೇ. ಅವನು ಬಿಡುಗಡೆ ಆಗ್ತಾನೆ, ಆಯಮ್ಮ ಸುಳ್ಳಿ ಅನ್ನಿಸ್ಕೊಂಡು ಮನೆಗೆ ಹೋಗ್ತಾರೆ.”

ಆಸ್ಪತ್ರೆ ಇದ್ದದ್ದು ಹಿಂದಿನ ಬೀದಿಯಲ್ಲೇ. ವೈದ್ಯರು ಹೋಗಿ ಬೀರುವಿನಿಂದ ಆ ದಿನದ ಕರಡು ಹಾಳೆ ತೆಗೆದರು. ಹೊರಗಾಯದ ಸಾಲಿನಲ್ಲಿ ‘ಎಡ’ ಎಂದಿತ್ತು. ತಲೆಬುರುಡೆ ಬಿಚ್ಚಿ ನೋಡಿದ ಸಾಲಿನಲ್ಲಿ ‘ಬಲ’ ಎಂದು ಬರೆದು, ಹೊಡೆದುಹಾಕಿ, ಮೇಲೆ ‘ಎಡ’ ಎಂದು ತಿದ್ದಿತ್ತು. ಅಕ್ಷರ ತಮ್ಮದೇ. ಅಂದು ಸಂಜೆ ಶುದ್ಧಪ್ರತಿ ಮಾಡುವಾಗ ಎರಡು ಸಾಲು ಹೊಂದುವುದಿಲ್ಲ ಎಂದು ಕಂಡಿತ್ತು. ಕೈತಪ್ಪು ಎಂದುಕೊಂಡು ಕುರ್ಚಿಯಲ್ಲಿ ಕೂತಲ್ಲೇ ತಿದ್ದಿದ್ದರು. ದೇಹವನ್ನು ಅಷ್ಟರಲ್ಲಿ ಮನೆಯವರಿಗೆ ಒಪ್ಪಿಸಿಯಾಗಿತ್ತು.

ಹಾಳೆ ಹಿಡಿದು ವೈದ್ಯರು ಶವಾಗಾರಕ್ಕೆ ನಡೆದರು. ಅಲ್ಲಿನ ಸಹಾಯಕರನ್ನು ಎಲ್ಲರೂ ಮೇಷ್ಟ್ರು ಎನ್ನುತ್ತಿದ್ದರು. ಗಾಯ ಅಳೆದು ಉಕ್ತಲೇಖನದ ಹಾಗೆ ಕೂಗಿ ಹೇಳುವುದು ಅವರು. ಬಾಗಿಲ ಪಕ್ಕದ ಮೇಜಿನಲ್ಲಿ ಬರೆದುಕೊಳ್ಳುವುದು ವೈದ್ಯರು. ಕಾಗದ ಒದ್ದೆಯಾಗಬಾರದೆಂದು ಶುರುವಾದ ಪದ್ಧತಿ.

“ಮೇಷ್ಟ್ರೇ, ಆ ಲೇತ್‌ನವನ ಗಾಯ ನೋಡುವಾಗ ನೀವು ಎಲ್ಲಿ ನಿಂತಿದ್ರಿ?”

“ಎಲ್ಲಿ ಅಂದ್ರೆ? ತಲೆ ಹತ್ರ. ಇಪ್ಪತ್ತಾರು ವರ್ಷದಿಂದ ಅಲ್ಲೇ. ಹೆಣಗಳೂ ಜಾಗ ಬಿಟ್ಟು ಏಳಲ್ಲ, ನಾನೂ ಏಳಲ್ಲ.”

“ದೇಹ ಅಂಗಾತ ಇತ್ತಾ?”

“ಕಿವಿ ಹಿಂದಿನ ಗಾಯ ಅಲ್ವಾ ಸರ್, ಬೋರಲು ಹಾಕಿದ್ವಿ. ಬುರುಡೆ ಬಿಚ್ಚೋಕೆ ಆಮೇಲೆ ತಿರುಗಿಸಿದ್ವಿ.”

ವೈದ್ಯರು ಕೋಟು ಬಿಚ್ಚಿ ಮೇಷ್ಟ್ರ ಕೈಗೆ ಕೊಟ್ಟು, ಖಾಲಿ ಸ್ಟೀಲ್ ಮೇಜಿನ ಮೇಲೆ ಬೋರಲು ಮಲಗಿದರು.

“ಇದೇನು ಸರ್, ಇಷ್ಟು ಬೇಗ?”

“ನಿಮ್ಮ ಜಾಗದಲ್ಲಿ ನಿಂತು ಎಡಗೈ ಚಾಚಿ.”

ತಣ್ಣಗಿನ ಬೆರಳು ವೈದ್ಯರ ಬಲಗಿವಿಗೆ ತಾಗಿತು.

ಅಂಗಾತ ಮಲಗಿದವರ ಬಲವೂ ತಲೆಯ ಬಳಿ ನಿಂತ ಮೇಷ್ಟ್ರ ಬಲವೂ ಒಂದೇ ಕಡೆ. ಆದ್ದರಿಂದ ತಮ್ಮ ಕೈ ನೋಡಿ ಹೇಳಿದ್ದು ಅಷ್ಟು ವರ್ಷ ಸರಿಹೋಗಿತ್ತು. ಬೋರಲು ಮಲಗಿಸಿದಾಗ ಅದು ಅದಲುಬದಲು. ಹಾಗೆ ಮಲಗಿಸುವ ಸಂದರ್ಭ ಕಡಿಮೆ, ಯಾರೂ ಗಮನಿಸಿರಲಿಲ್ಲ.

ಮೇಷ್ಟ್ರು ಸ್ವಲ್ಪ ಹೊತ್ತು ತಮ್ಮ ಕೈಯನ್ನೇ ನೋಡಿದರು.

“ಸರ್, ಗಾಯ ಎಡಕ್ಕಿತ್ತು ಅಂದ್ಬಿಟ್ರೆ ಯಾರಿಗೂ ಗೊತ್ತಾಗಲ್ಲ.”

“ನನಗೆ ಗೊತ್ತಾಯ್ತಲ್ಲ.”

“ಕೆಲಸ ಹೋದ್ರೆ? ನನಗೆ ಇನ್ನು ಎರಡೇ ವರ್ಷ ಇರೋದು.”

“ನೀವು ಕೂಗಿದ್ರಿ, ಅಷ್ಟೇ. ಎದ್ದು ಬಂದು ನೋಡದೆ ಬರೆದವನು ನಾನು. ತಿದ್ದಿದವನೂ ನಾನೇ. ಕೋಟು ಕೊಡಿ.”

ಮೂರು ಗಂಟೆ ಹತ್ತು ನಿಮಿಷಕ್ಕೆ ವೈದ್ಯರು ಕರಡು ಹಾಳೆಯನ್ನು ನ್ಯಾಯಾಧೀಶರಿಗೆ ಕೊಟ್ಟು, ತಿದ್ದುಪಡಿ ಹೇಗಾಯಿತೆಂದು ಹೇಳಿದರು. ಆರೋಪಿ ಪರ ವಕೀಲರು ಎದ್ದರು.

“ಬೆಳಗ್ಗೆ ಸಾಕ್ಷಿ ಬಲ ಅಂದ್ರು, ಮಧ್ಯಾಹ್ನ ನಿಮ್ಮ ಗಾಯ ಬಲಕ್ಕೆ ಹೋಯ್ತು. ಅನುಕೂಲದ ಗಾಯ.”

“ಅನುಕೂಲ ನನಗಲ್ಲ ಸರ್.”

“ಈ ಪದ್ಧತೀಲಿ ಎಷ್ಟು ವರ್ಷದಿಂದ ವರದಿ ಬರೀತಿದ್ದೀರಿ?”

“ಹನ್ನೊಂದು ವರ್ಷ.”

“ಆ ವರದಿಗಳನ್ನೆಲ್ಲ ನಾವು ನಂಬಬೇಕಾ?”

ಹಿಂದಿನ ಬೆಂಚಿನಲ್ಲಿ ಕೂತಿದ್ದ ಅಕ್ಕ ವೈದ್ಯರನ್ನೇ ನೋಡುತ್ತಿದ್ದಳು.

“ಬೋರಲು ಹಾಕಿ ನೋಡಿದ ದೇಹಗಳದ್ದನ್ನ ಮತ್ತೆ ಪರಿಶೀಲಿಸಬೇಕು,” ಎಂದರು.

ಅದನ್ನು ನ್ಯಾಯಾಧೀಶರು ಅದೇ ಮಾತುಗಳಲ್ಲಿ ದಾಖಲಿಸಿಕೊಂಡರು. ಹೂತಿದ್ದ ಶವ ಹೊರತೆಗೆದು ಬೇರೊಬ್ಬ ವೈದ್ಯರಿಂದ ಪರೀಕ್ಷೆ ಮಾಡಿಸಲು ಆದೇಶಿಸಿದರು. ಹದಿನೇಳನೆಯ ದಿನ ಪರೀಕ್ಷೆ ನಡೆಯಿತು. ಬುರುಡೆಯ ಬಿರುಕು ಬಲಭಾಗದಲ್ಲಿತ್ತು. ಅಷ್ಟರಲ್ಲಿ ವೈದ್ಯರನ್ನು ಅಮಾನತಿನಲ್ಲಿಟ್ಟು, ಬೋರಲು ಹಾಕಿ ನೋಡಿದ ದೇಹಗಳ ಬಗ್ಗೆ ಅವರು ಬರೆದ ಮೂವತ್ತೊಂದು ವರದಿಗಳನ್ನು ಮರುಪರಿಶೀಲನೆಗೆ ಕಳಿಸಲಾಗಿತ್ತು.