ಚೌಕಟ್ಟಿನೊಳಗೆ ಮುಚ್ಚಿಹೋದ ಸಾಲು

ನನ್ನ ಗಂಡನ ಅಂತ್ಯಕ್ರಿಯೆ ಮುಗಿದು ನೆಂಟರೆಲ್ಲ ಹೊರಟುಹೋದ ಮೇಲಿನ ಮೊದಲ ಬೆಳಗ್ಗೆ ಅವರ ಫೋನು ಬಡಿದುಕೊಂಡಿತು. ಅವರೇ ಇಟ್ಟಿದ್ದ ಅಲಾರಂ. ಪರದೆಯ ಮೇಲೆ ಅವರು ಬರೆದುಕೊಂಡಿದ್ದ ಸಾಲು: ‘ಪುಟ್ಟಿ ಕಾಲೇಜು, ಇವತ್ತು ಐದರೊಳಗೆ.’

ಪುಟ್ಟಿ ನನ್ನ ನಾದಿನಿ. ಆಸ್ಪತ್ರೆಯ ಲ್ಯಾಬಿನಲ್ಲಿ ರಕ್ತಪರೀಕ್ಷೆ ಮಾಡುವ ಕೆಲಸಕ್ಕೆ ಸೇರಬೇಕೆಂದು ಅವಳ ಆಸೆ. ಆ ಪದವಿಗೆ ಊರಿನ ದೊಡ್ಡ ಕಾಲೇಜಿನಲ್ಲಿ ಸೀಟು ಸಿಕ್ಕಿತ್ತು. ಸಂಜೆ ಐದರೊಳಗೆ ಶುಲ್ಕ ಕಟ್ಟದಿದ್ದರೆ ಅದು ಇನ್ನೊಬ್ಬರ ಪಾಲು.

ಮಾವ ಆಗಲೇ ಮನೆಯ ಕೆಳಗಿನ ಅಂಗಡಿಯ ಬಾಗಿಲು ತೆಗೆದಿದ್ದರು. ಫೋಟೋಗಳಿಗೆ, ಪ್ರಮಾಣಪತ್ರಗಳಿಗೆ ಚೌಕಟ್ಟು ಹಾಕುವ ಅಂಗಡಿ. ಮಗನ ಫೋಟೋ ಇನ್ನೂ ಗಾಜಿಲ್ಲದೆ ಮೇಜಿನ ಮೇಲಿತ್ತು. ಅದನ್ನು ಬದಿಗೆ ಸರಿಸಿ ಬೇರೆಯವರ ಕೆಲಸಕ್ಕೆ ಕೂತಿದ್ದರು. ನಾನೂ ಪುಟ್ಟಿಯೂ ಕೆಳಗಿಳಿದೆವು.

“ಮಾವ, ದುಡ್ಡು ಕಟ್ಟೋ ಮೊದಲು ಆ ಕಾಲೇಜಿನ ಮಾನ್ಯತೆ ನೋಡಿದೀರಾ?” ಎಂದೆ.

“ಹಾಗಂದ್ರೇನು ಅತ್ತಿಗೆ?” ಪುಟ್ಟಿ ಕೇಳಿದಳು.

“ಹೊರಗಿನ ಪರಿಣತರು ಬಂದು ಪಾಠ, ಲ್ಯಾಬು, ಮೇಷ್ಟ್ರುಗಳು ಎಲ್ಲ ಸರಿಯಿದೆಯಾ ಅಂತ ಕಾಲೇಜಿಗೇ ಪರೀಕ್ಷೆ ಮಾಡ್ತಾರೆ. ಪಾಸಾದ್ರೆ, ಇಷ್ಟು ವರ್ಷಕ್ಕೆ ಅಂತ ಒಂದು ಪತ್ರ ಕೊಡ್ತಾರೆ. ಅವಧಿ ಮುಗಿದ್ರೆ ಮತ್ತೆ ಪರೀಕ್ಷೆ.”

“ಪರೀಕ್ಷೆ ಅನ್ನೋದು ನಮಗೆ ಮಾತ್ರ ಅಂದ್ಕೊಂಡಿದ್ದೆ.”

ಎಷ್ಟೋ ದಿನಗಳ ಮೇಲೆ ಮನೆಯಲ್ಲಿ ಬಂದ ಮೊದಲ ತಮಾಷೆ. ಯಾರೂ ನಗಲಿಲ್ಲ.

ಮಾವ ತಲೆ ಎತ್ತದೆ ಹೇಳಿದರು: “ಆ ಪತ್ರಕ್ಕೆ ಚೌಕಟ್ಟು ಹಾಕಿದ್ದೇ ನಾನು. ಎ ದರ್ಜೆ, ಚಿನ್ನದ ಬಣ್ಣದ ಮುದ್ರೆ, ಎರಡು ಸಹಿ. ನೀನು ವಿಶ್ವವಿದ್ಯಾಲಯದಲ್ಲಿ ಓದಿದವಳು, ಸರಿ. ಹಾಗಂತ ಎಲ್ಲದಕ್ಕೂ ಕೊಕ್ಕೆ ಹಾಕಬೇಡಮ್ಮ.”

“ಯಾವ ವರ್ಷದವರೆಗೆ ಅಂತಿತ್ತು?”

ಅವರ ಕೈ ನಿಂತಿತು.

“ಕೆಳಗೆ ಸಣ್ಣಕ್ಷರದಲ್ಲಿ ಒಂದು ಸಾಲಿತ್ತು,” ಎಂದರು ನಿಧಾನವಾಗಿ. “ಗೋಡೆ ಮೇಲಿನ ಬೇರೆ ಚೌಕಟ್ಟುಗಳ ಅಳತೆಗೇ ಬೇಕು ಅಂದ್ರು. ಪತ್ರ ಅದಕ್ಕಿಂತ ಎರಡು ಬೆರಳು ಉದ್ದ ಇತ್ತು. ಸುತ್ತ ಕೂರಿಸೋ ರಟ್ಟಿನ ಅಂಚು ಆ ಸಾಲಿನ ಮೇಲೆ ಬಂತು. ಚೆನ್ನಾಗೇ ಕಾಣ್ತಿತ್ತು.”

ಮಾನ್ಯತೆ ಕೊಡುವ ಸಂಸ್ಥೆಯ ಜಾಲತಾಣ ತೆರೆದು ಕಾಲೇಜಿನ ಹೆಸರು ಹಾಕಿದೆ. ಅವಧಿ ಎರಡು ವರ್ಷದ ಹಿಂದೆಯೇ ಮುಗಿದಿತ್ತು. ಫೋನನ್ನು ಮಾವನ ಮುಂದೆ ಹಿಡಿದೆ.

“ಫೋನಲ್ಲಿ ಸಾವಿರ ಬರೀತಾರೆ. ನಾನು ಕಣ್ಣಾರೆ ನೋಡ್ಬೇಕು,” ಎಂದು ಮಗನ ಕೆಲಸದ ಚೀಲವನ್ನು ಹೆಗಲಿಗೆ ಹಾಕಿಕೊಂಡರು.

ಒಪ್ಪಿಕೊಂಡ ಕೆಲಸ ಮುಗಿಸಿ, ಎರಡು ಬಸ್ಸು ಬದಲಿಸಿ ಕಾಲೇಜು ಕಚೇರಿ ಮುಟ್ಟುವಾಗ ನಾಲ್ಕು ಗಂಟೆ. ಯಾವುದಕ್ಕೂ ಇರಲಿ ಎಂದು ಪುಟ್ಟಿ ಶುಲ್ಕದ ಸಾಲಿನಲ್ಲಿ ನಿಂತಳು. ಗುಮಾಸ್ತರಿಗೆ ಮಾವನ ಪರಿಚಯವಿತ್ತು.

“ವಿಷಯ ಕೇಳಿದೆ ಯಜಮಾನ್ರೇ. ಬಹಳ ಬೇಜಾರಾಯ್ತು. ಏನಾಗ್ಬೇಕಿತ್ತು?”

“ನನ್ನ ಕೆಲಸದಲ್ಲಿ ಒಂದು ತಪ್ಪಾಗಿದೆ. ಸರಿ ಮಾಡಿ ಹೋಗ್ತೀನಿ,” ಎಂದರು ಮಾವ. ಗೋಡೆಯಿಂದ ಚೌಕಟ್ಟು ಇಳಿಸಿ ಬೆಂಚಿನ ಮೇಲೆ ಬೋರಲು ಮಲಗಿಸಿದರು. ಚೀಲದಲ್ಲಿ ತಡಕಾಡಿ, ಹಿಡಿಗೆ ಕೆಂಪು ಟೇಪು ಸುತ್ತಿದ ಒಂದು ಇಕ್ಕಳ ತೆಗೆದು ಮೊಳೆ ಕೀಳತೊಡಗಿದರು.

“ಅದು ನಮ್ಮ ಎಲೆಕ್ಟ್ರಿಷಿಯನ್‌ದು,” ಎಂದರು ಗುಮಾಸ್ತರು. “ಹೊಸ ಕಟ್ಟಡದಲ್ಲಿ ಫೋಟೋ ಹಾಕೋವಾಗ ನಿಮ್ಮ ಮಗ ಇಸ್ಕೊಂಡಿದ್ರು.”

ಮಾವ ಒಂದು ಕ್ಷಣ ಇಕ್ಕಳವನ್ನೇ ನೋಡಿದರು. ಆಮೇಲೆ ಮುಂದಿನ ಮೊಳೆ ಕಿತ್ತರು. ಪತ್ರವನ್ನು ಹೊರತೆಗೆದು, ಕೈ ಚಾಚಿ ದೂರ ಹಿಡಿದು ನೋಡಿ, ಓದಲಾಗದೆ ನನಗೆ ಕೊಟ್ಟರು. ಫೋನಿನಲ್ಲಿದ್ದ ದಿನಾಂಕವೇ ಅಲ್ಲಿತ್ತು. ಗಟ್ಟಿಯಾಗಿ ಓದಿದೆ.

“ನವೀಕರಣಕ್ಕೆ ಹಾಕಿದೀವಿ. ಬಂದೇ ಬಿಡುತ್ತೆ,” ಎಂದರು ಗುಮಾಸ್ತರು.

“ಹಾಕಿದ ಅರ್ಜಿಯ ಪ್ರತಿ ತೋರಿಸ್ತೀರಾ?”

“ಅದು ಪ್ರಾಂಶುಪಾಲರ ಹತ್ರ ಇದೆ. ನಾಳೆ ಬನ್ನಿ. ಫೀಸು ಮಾತ್ರ ಇವತ್ತೇ ಕಟ್ಟಿಬಿಡಿ.”

ಗಡಿಯಾರ ನಾಲ್ಕೂವರೆ ತೋರಿಸುತ್ತಿತ್ತು. ಪುಟ್ಟಿಯ ಮುಂದೆ ಇಬ್ಬರೇ ಉಳಿದಿದ್ದರು.

“ಅತ್ತಿಗೆ, ಇದೂ ಕೈತಪ್ಪಿದ್ರೆ ಒಂದು ವರ್ಷ ಹಾಳು. ಅಣ್ಣನೂ ಇಲ್ಲ. ಆಮೇಲೆ ಯಾರು ಓದಿಸ್ತಾರೆ?”

ನನಗೂ ಅದೇ ಹೆದರಿಕೆ ಇತ್ತು. “ಮೂರು ವರ್ಷ ಓದಿ ಕೆಲಸಕ್ಕೋ ಮುಂದಿನ ಓದಿಗೋ ಹೋದಾಗ, ನಿನ್ನ ಕಾಲೇಜಿಗೆ ಮಾನ್ಯತೆ ಇತ್ತಾ ಅಂತ ಕೇಳಿದ್ರೆ ಏನು ತೋರಿಸ್ತೀಯ? ಮತ್ತೆ ಸಿಗುತ್ತೋ ಇಲ್ವೋ ಇವರಿಗೇ ಗೊತ್ತಿಲ್ಲ,” ಎಂದೆ.

ಮಾವ ರಟ್ಟಿನ ಅಂಚನ್ನು ಚಾಕುವಿನಿಂದ ಎರಡು ಬೆರಳು ಕೊಯ್ದರು. ಪತ್ರವನ್ನು ಮತ್ತೆ ಗಾಜಿನೊಳಗೆ ಕೂರಿಸಿ, ಮೊಳೆ ಹೊಡೆದು, ಗೋಡೆಗೆ ತೂಗುಹಾಕಿದರು. ಈಗ ಕೊನೆಯ ಸಾಲು ಕಾಣುತ್ತಿತ್ತು.

“ಈಗ ಸರಿಯಾಯ್ತು,” ಎಂದರು. “ನಡಿ ಪುಟ್ಟಿ.”

“ನಮ್ಮ ಇಕ್ಕಳದಲ್ಲೇ ನಮ್ಮ ಬಂಡವಾಳ ಬಯಲು ಮಾಡಿದ್ರಲ್ಲ ಯಜಮಾನ್ರೇ,” ಎಂದರು ಗುಮಾಸ್ತರು. ಸಾಲಿನಲ್ಲಿದ್ದ ಒಬ್ಬ ತಾಯಿ ಕನ್ನಡಕ ಹಾಕಿಕೊಂಡು ಗೋಡೆಯ ಹತ್ತಿರ ಬಂದರು.

ಬಸ್ ಡಿಪೋ ಹಿಂದೆ ಇದೇ ಪದವಿ ಕಲಿಸುವ ಇನ್ನೊಂದು ಕಾಲೇಜಿದೆ. ಚಿಕ್ಕದು, ಬಣ್ಣ ಕಾಣದ ಕಟ್ಟಡ. ಅದರ ಮಾನ್ಯತೆಗೆ ಇನ್ನೂ ನಾಲ್ಕು ವರ್ಷವಿದೆ ಎಂದು ಜಾಲತಾಣ ಹೇಳಿತು. ಆದರೆ ಸೀಟು ತುಂಬಿತ್ತು. ಕಾಯುವವರ ಪಟ್ಟಿಯಲ್ಲಿ ಪುಟ್ಟಿ ಮೂರನೆಯವಳು. ಐದು ದಿನ ಅವಳು ಫೋನು ಕೆಳಗಿಡಲಿಲ್ಲ. ಮಾವ ದಿನಕ್ಕೆ ಹತ್ತು ಸಲ ಮೇಲೆ ಬಂದು “ಬಂತಾ?” ಎಂದು ಕೇಳಿ ಇಳಿಯುತ್ತಿದ್ದರು. ಆರನೆಯ ದಿನ ಕರೆ ಬಂತು.

ಈಗ ಅಂಗಡಿಗೆ ಯಾರಾದರೂ ಪ್ರಮಾಣಪತ್ರ ತಂದರೆ ಮಾವ ಮೊದಲು ಕೆಳಗಿನ ಸಾಲು ಓದಿಸುತ್ತಾರೆ. ಆಮೇಲೆ ಅಳತೆ.

ಇಕ್ಕಳ ನಮ್ಮ ಚೀಲದಲ್ಲೇ ಉಳಿದಿತ್ತು. ಪುಟ್ಟಿಯ ತರಗತಿ ಶುರುವಾದ ದಿನ ಅದನ್ನು ಕೊಡಲು ಆ ದೊಡ್ಡ ಕಾಲೇಜಿಗೆ ಹೋದೆ. ಎಲೆಕ್ಟ್ರಿಷಿಯನ್ ಕೈಯಲ್ಲಿ ತಿರುಗಿಸಿ ನೋಡಿದರು.

“ನಿಮ್ಮ ಮನೆಯವರು ನಾಳೆ ಕೊಡ್ತೀನಿ ಅಂದಿದ್ರು,” ಎಂದರು. ಇಕ್ಕಳವನ್ನು ಜೇಬಿಗೆ ಸೇರಿಸಿ, “ನನ್ನ ಮಗಳನ್ನೂ ಈ ವರ್ಷ ಸೇರಿಸ್ಬೇಕು. ಏನು ನೋಡ್ಬೇಕಮ್ಮ?” ಎಂದು ಕೇಳಿದರು.

ಅವರಿಗೆ ಹೇಳಿದ್ದನ್ನೇ ನಿಮಗೂ ಹೇಳುತ್ತೇನೆ. ಶುಲ್ಕ ಕಟ್ಟುವ ಮೊದಲು, ಮಾನ್ಯತೆ ಕೊಡುವ ಸಂಸ್ಥೆಯ ಜಾಲತಾಣದಲ್ಲೇ ನೋಡಿ. ಹೆಸರು, ವಿಳಾಸ ಆ ಕಾಲೇಜಿನದೇ ಇರಬೇಕು. ಮಾನ್ಯತೆ ಇಡೀ ಕಾಲೇಜಿಗೋ, ನಿಮ್ಮ ಮಗು ಸೇರುವ ಕೋರ್ಸಿಗೋ, ಎಂದಿನವರೆಗೆ ಎಂದು ಓದಿ. ನವೀಕರಣ ಆಗುತ್ತಿದೆ ಎಂದರೆ ಅರ್ಜಿಯ ಪ್ರತಿ ಕೇಳಿ. ಕೇಳಲು ಸಂಕೋಚ ಬೇಡ; ಹೋಗುವುದು ನಿಮ್ಮ ಮಗುವಿನ ವರ್ಷಗಳು.

ದಿನಾಂಕ ನೋಡಲು ನಿಮಗೆ ಇಕ್ಕಳ ಬೇಕಾಗಿಲ್ಲ. ನಮ್ಮ ಹತ್ತಿರ ಇದ್ದದ್ದನ್ನು ವಾಪಸ್ ಕೊಟ್ಟಾಯಿತು.