ಧಾರಿಣಿಯ ಅಳತೆ

ಧಾರಿಣಿ ಬಿಳಿ ಉಣ್ಣೆಯ ಬಲೆಯನ್ನು ತೊಡೆಯ ಮೇಲೆ ಹರಡಿಕೊಂಡು, ಹೊರಗೆ ಇಣುಕುತ್ತಿದ್ದ ಎಳೆಗಳ ತುದಿಗಳನ್ನು ಒಂದೊಂದಾಗಿ ಒಳಗೆ ಸೇರಿಸುತ್ತಿದ್ದಳು. ಜನಕಪುರಿಯ ಆ ತಾರಸಿಯಲ್ಲಿ ಉಳಿದವರೆಲ್ಲ ಶೂಟಿಂಗಿಗೆ ಲೈಟು, ಪರದೆ ಎಂದು ಓಡಾಡುತ್ತಿದ್ದರು.

ಸಿನಿಮಾ ಅವಳ ದೊಡ್ಡಪ್ಪನ ಮಗಳು ತನುಶ್ರೀಯದು, ಕೋರ್ಸಿನ ಕೊನೆಗೆ ಮಾಡಲೇಬೇಕಾದ ಕಿರುಚಿತ್ರ. ಕಥೆಯಿಲ್ಲ, ಮಾತಿಲ್ಲ. ಚರ್ಮದ ಕೆಳಗೆ ಮಾಂಸ, ಎಲುಬು, ಕರುಳನ್ನೆಲ್ಲ ಸುತ್ತಿ ಹಿಡಿದಿರುವ ತೆಳು ಬಿಳಿ ಅಂಗಾಂಶವನ್ನು ಒಬ್ಬ ಹುಡುಗಿ ಮೈಮೇಲೆ ತೊಟ್ಟು ಅಲುಗಾಡುತ್ತಾಳೆ, ಅಷ್ಟೇ. ಒಂಬತ್ತನೇ ತರಗತಿಗೇ ಶಾಲೆ ಬಿಟ್ಟ ಧಾರಿಣಿಗೆ ಅದನ್ನು ತನುಶ್ರೀ ಕಿತ್ತಳೆ ಸುಲಿದು, ತೊಳೆಗಳ ಮೇಲಿನ ಬಿಳಿ ನಾರು ತೋರಿಸಿ ತಿಳಿಸಿದ್ದಳು. ಧಾರಿಣಿ ಚಳಿಗಾಲವಿಡೀ ಪಾರ್ಕಿನ ಬಿಸಿಲಲ್ಲಿ ಪಂಜಾಬಿ ಆಂಟಿಯರ ಪಕ್ಕ ಕೂತು ಅದರಂಥದೇ ಬಲೆ ಹೆಣೆದಳು. ಯಾರ ಅಳತೆಗೆ ಎಂದು ಕೇಳಲಿಲ್ಲ. ತನುಶ್ರೀ ಆಗಾಗ ಅವಳಿಗೇ ತೊಡಿಸಿ, ಫೋನಿನಲ್ಲಿ ಚಿತ್ರ ತೆಗೆದು, ಹೀಗೇ ನಿಂತಿರು, ಚೆನ್ನಾಗಿದೆ ಎನ್ನುತ್ತಿದ್ದ ಮೇಲೆ ಕೇಳುವುದೇನಿತ್ತು?

ಇವತ್ತು ಅದನ್ನು ತೊಡಲು ಬಂದವಳು ಹಂಸಿನಿ, ರೋಹಿಣಿ ಬಡಾವಣೆಯ ಡಾನ್ಸರ್. ಉದ್ದ ಕತ್ತು, ಉದ್ದ ಕೈಕಾಲು. ತನುಶ್ರೀ ಅವಳ ಚಹಾಕ್ಕೆ ತಾನೇ ಸಕ್ಕರೆ ಹಾಕಿ ಕಲಕಿ ಕೊಟ್ಟಳು. ಅಷ್ಟು ದಿನದಲ್ಲಿ ಧಾರಿಣಿಗೆ ಒಮ್ಮೆಯೂ ಹಾಗೆ ಕೊಟ್ಟವಳಲ್ಲ.

ಬಲೆ ಹಂಸಿನಿಯ ಭುಜಕ್ಕೇ ಸಿಕ್ಕಿಕೊಂಡಿತು.

"ಅರೆ ಯಾರ್, ಇದೇನು ಗೊಂಬೆಗೆ ಹೆಣೆದಿದ್ದಾ?" ಎಂದು ಅವಳು ನಕ್ಕಳು.

ಕಂಕುಳ ಬಳಿ ಬಿಚ್ಚಿ ಅಗಲ ಮಾಡಲಾದೀತೇ ಎಂದು ತನುಶ್ರೀ ಕೇಳಿದಳು. ಆಗುತ್ತಿತ್ತು. ಎರಡೂ ಕಡೆ ಒಂದೊಂದು ಪಟ್ಟಿ ಸೇರಿಸಿದರೆ ಊಟದ ಹೊತ್ತಿಗೆ ಮುಗಿಯುವ ಕೆಲಸ.

"ಆಗಲ್ಲ ಅಕ್ಕಾ. ಬಿಚ್ಚಿದ್ರೆ ಎಲ್ಲಾ ಹೋಗುತ್ತೆ," ಎಂದಳು ಧಾರಿಣಿ, ನೆಲ ನೋಡುತ್ತ. ಇನ್ನು ತೊಡಲು ತನ್ನನ್ನೇ ಕರೆಯಬೇಕು.

ತನುಶ್ರೀ ಕೈ ಚಾಚಿದಳು. "ಚಲೋ, ಹೋದ್ರೆ ಹೋಗ್ಲಿ. ಕತ್ತರಿ ಕೊಡು."

ಹಂಸಿನಿಯ ಬೆನ್ನ ಮೇಲೆ ಕತ್ತರಿ ಆಡಿತು. ಅವಳು ಉಸಿರೆಳೆದು ತೋಳು ಚಾಚುತ್ತಿದ್ದಂತೆ ಹೆಣಿಗೆಯ ಕಣ್ಣುಗಳು ಬಿಟ್ಟುಕೊಂಡವು. ಎಳೆಗಳು ಬೆನ್ನಿನಿಂದ ತೋಳಿಗೆ ಜೋತು, ನಡುಗಿ, ಹರಿದವು. ಕ್ಯಾಮೆರಾ ಹಿಡಿದಿದ್ದ ಅನೂಪ್ ಮೆಲ್ಲಗೆ ಅಚ್ಛಾ ಎಂದ. ತಾನು ಇಷ್ಟು ದಿನ ಹುಡುಕುತ್ತಿದ್ದುದು ಹೀಗೆ ಹರಿಯುವುದನ್ನೇ ಎಂದು ತನುಶ್ರೀ ಅವನ ಕಿವಿಯಲ್ಲಿ ಹೇಳಿದ್ದು ಧಾರಿಣಿಗೂ ಕೇಳಿಸಿತು.

ಧಾರಿಣಿ ಉದುರಿದ ಉಣ್ಣೆಯನ್ನು ಆಯ್ದು ಬೆರಳಿಗೆ ಸುತ್ತತೊಡಗಿದಳು. ಹಂಸಿನಿಯ ಮೈಮೇಲೆ ಬಲೆಯ ಒಂದು ತೋಳು ಇನ್ನೂ ಹರಿಯದೆ ಉಳಿದಿತ್ತು.

"ಅಕ್ಕಾ," ಎಂದಳು. ಯಾರೂ ತಿರುಗಲಿಲ್ಲ. ಎಲ್ಲರೂ ಕ್ಯಾಮೆರಾದ ಪುಟ್ಟ ಪರದೆಗೆ ಬಾಗಿದ್ದರು.

"ಆ ತೋಳನ್ನ ಒಂದ್ಸಲ ನನಗೆ ಹಾಕಿ ವಿಡಿಯೋ ತೆಗಿ ಅಕ್ಕಾ."