ಚಾವಡಿಗೆ ಬಂದ ಜೋಂಬಿ

"ಕತ್ತಿ ಇನ್ನೂ ಮೇಲೆ, ಅಜ್ಜಿ! ಚೆನ್ನಯ್ಯ ಮಾವನ ತಲೆಗ್ ತಾಗ್ಕ್!" ವಿಜೇತಾ ಫೋಟೊ ತೆಗೆಯಲು ಮೊಬೈಲ್ ಹಿಡಿದು ಕೂಗಿದಳು.

ಜಲಜಜ್ಜಿ ಸೊಪ್ಪು ಕಡಿಯುವ ಕತ್ತಿಯನ್ನು ಇನ್ನೊಂದು ಗೇಣು ಎತ್ತಿದಳು. ಪಕ್ಕದ ಮನೆಯ ಚೆನ್ನಯ್ಯ ಮುಖಕ್ಕೆ ಬೂದಿ ಬಳಿದುಕೊಂಡು, ಕೈ ಮುಂದೆ ಚಾಚಿ, ಕಾಲೆಳೆಯುತ್ತ ಹೊಸ್ತಿಲು ದಾಟಿದ.

"ಹ್ವಾಯ್ ಜಲಜಕ್ಕ, ಚಿತ್ರಕ್ಕೆ ಮೊಂಡ್ ಕತ್ತಿಯೂ ಆತ್ತಲ್ದಾ?"

ಎರಡು ವರ್ಷದಿಂದ ವಿಜೇತಾ ಮೊಬೈಲಿನಲ್ಲಿ ಓದುತ್ತಿದ್ದದ್ದು ಜಪಾನಿನ ಜೋಂಬಿ ಚಿತ್ರಕಥೆಗಳನ್ನೇ. ಸತ್ತವರು ಎದ್ದು ಬರುತ್ತಾರೆ. ಶಾಲೆಯ ಹುಡುಗಿಯರು ತಾರಸಿಯ ಮೇಲೆ ನಿಂತು ಕತ್ತಿ ಬೀಸುತ್ತಾರೆ. ಸಮವಸ್ತ್ರದ ಇಸ್ತ್ರಿ ಕೆಡುವುದಿಲ್ಲ. ಸತ್ತವರನ್ನು ಬಿಟ್ಟು ಯಾರಿಗೂ ಹಸಿವಾಗುವುದಿಲ್ಲ. ಅಂಥದ್ದೊಂದನ್ನು ಅವಳು ಮರವಂತೆಯಲ್ಲಿ ನಡೆಯುವಂತೆ ಬರೆದಿದ್ದಳು. ಒಂದು ಬದಿ ಕಡಲು, ಇನ್ನೊಂದು ಬದಿ ಹೊಳೆ, ಹೆದ್ದಾರಿಯ ಎರಡೂ ಕಡೆಯಿಂದ ಜೋಂಬಿಗಳು. ಓಡುವುದೆಲ್ಲಿಗೆ? ಬೆಂಗಳೂರಿನ ಪತ್ರಿಕೆಯೊಂದು ಒಪ್ಪಿತ್ತು. ಅಚ್ಚಾಗುವ ಮೊದಲ ಕಥೆ. ಕೊನೆಯ ಎರಡು ಪುಟ ಇವತ್ತು ಐದು ಗಂಟೆಯೊಳಗೆ ಕುಂದಾಪುರದ ಕೊರಿಯರ್ ಸೇರದಿದ್ದರೆ ಆ ಜಾಗ ಬೇರೆಯವರಿಗೆ. ಆದರೆ ಫೋಟೊ ನೋಡದೆ ಚಿತ್ರ ಬರೆದರೆ ಅವಳ ಹೊಡೆದಾಟಗಳೆಲ್ಲ ಕುಣಿತದಂತೆ ಕಾಣುತ್ತಿದ್ದವು; ಅದಕ್ಕೇ ಈ ವೇಷ.

"ಈ ಜೋಂಬಿ ಯಾರ್, ಮಗಾ?" ಅಜ್ಜಿ ಕೇಳಿದಳು.

"ಅಜ್ಜ. ಸತ್ತ್ ಎದ್ದ್ ಬಂದದ್."

ಕತ್ತಿ ಕೆಳಗಿಳಿಯಿತು. "ನಿನ್ನಜ್ಜನಾ? ಎಂತಕೆ ಬಂದದ್?"

"ಹಸಿವಿಗೆ. ಮಾತಾಡುದಿಲ್ಲೆ. ನರಳ್ತ, ತಿಂತ, ಅಷ್ಟೇ."

"ಸೂರಣ್ಣ ಬದುಕಿದ್ದಾಗ್ಳೂ ಹಂಗೇ ಅಲ್ದಾ," ಎಂದ ಜೋಂಬಿ. "ಉಪ್ಪಿಲ್ಲೆ ಅಂಬುಕೆ ಮಾತ್ರ ಬಾಯಿ ಬಿಡ್ತಿದ್ದ."

ಅಜ್ಜಿ ನಗಲಿಲ್ಲ. "ವರ್ಷಕ್ಕೊಂದ್ಸಲ ಸತ್ತವ್ರಿಗೆ ಎಡೆ ಬಡಿಸಿ, ಅವ್ರ್ ಉಂಬುಕೆ ಬಾಗ್ಲ್ ಹಾಕಿ, ಬನ್ನಿ ಅಂತ ಕರೂದ್ ನಾನೇ. ಬಂದವ್ರ ತಲೆ ಕಡೂದಾ? ನನ್ನಿಂದ ಆತಿಲ್ಲೆ."

ಕತ್ತಿಯನ್ನು ಮೂಲೆಗಿಟ್ಟು ಅವಳು ಒಳಗಿಂದ ಬಾಳೆಲೆ ತಂದು ಚಾವಡಿಯಲ್ಲಿ ಹಾಸಿದಳು. ಜೋಂಬಿ ಕೂಡಲೇ ಚಾಚಿದ್ದ ಕೈ ಮಡಚಿ ಕುಳಿತು, "ಬಂಗ್ಡೆ ಮೀನ್ ಇತ್ತಾ?" ಎಂದ.

ಗಡಿಯಾರದಲ್ಲಿ ಮೂರೂವರೆ. ವಿಜೇತಾ ಪೆನ್ಸಿಲ್ ಕಚ್ಚಿದಳು. ಅವಳು ಓದಿದ ಚಿತ್ರಕಥೆಗಳಲ್ಲಿ ಸತ್ತವರಿಗೆ ಎರಡನೇ ಬದುಕು ಸಿಗುವುದೂ ಉಂಟು.

"ಸರಿ, ಕಡೂದ್ ಬ್ಯಾಡ. ಮದ್ದ್ ಸಿಕ್ತ್ ಅಂತ ಮಾಡ್ತೆ. ಅಜ್ಜ ಗುಣ ಆಯಿ ಮನಿಗೆ ಬತ್ತ. ನೀನ್ ಕೈ ಹಿಡ್ದ್ ಒಳಗೆ ಕರ್ಕಂಡ್ರೆ ಸಾಕ್, ಒಂದೇ ಫೋಟೊ."

ಅಜ್ಜಿ ಗೋಡೆಯ ಮೇಲಿನ ಗಂಡನ ಪಟವನ್ನು ನೋಡಿದಳು.

"ಮೊದ್ಲಿನ್ ಹಂಗೆಯಾ?"

"ಹೌದ್, ಮೊದ್ಲಿನ್ ಹಂಗೇ."

"ದಿನಾ ಇಲ್ಲೇ ಇಪ್ಪುದಾ?"

"ದಿನಾ."

"ಬ್ಯಾಡ," ಎಂದಳು ಅಜ್ಜಿ.